ಮೂರನೆಯ ಆಯ್ಕೆ

ಬೈತಖೋಲದ ಐಸ್ ಫ್ಯಾಕ್ಟರಿಯ ಮೇಲಿನ ಕೋಣೆಯಲ್ಲಿ ಕೂತು
ನಾನು ಕಾವಲುಗಾರರಿಗೆ ಮಾತು ಕೊಡುತ್ತೇನೆ.
ಬಾಗಿಲ ಬಳಿ ಸಪ್ಪಳವಾದಾಗ ಅವರು ಏನನ್ನಬೇಕು,
ಸಪ್ಪಳ ನಿಂತಮೇಲೆ ಏನನ್ನಬೇಕು,
ಬಾಣ ತಾಗಿದ ಮೇಲೆ, ಉಸಿರಿದ್ದರೆ, ಏನು.
‘ಇಲಿ ಇರಬೇಕು’ ಎಂಬುದನ್ನು
ನಲವತ್ತೊಂದು ಬಗೆಯಲ್ಲಿ ಬರೆದಿದ್ದೇನೆ.
ನಲವತ್ತೆರಡನೆಯದಕ್ಕೆ ಇಲಿಯೂ ಒಪ್ಪಲಿಲ್ಲ.

ಕೆಲಸ ಏನು ಅಂತ ಕೇಳಿದರೆ
ಮೊದಲು ‘ಗೇಮ್ ಬರೀತೇನೆ’ ಅನ್ನುತ್ತಿದ್ದೆ.
ಬ್ಯಾಂಕಿನವನು ಸಾಲದ ಅರ್ಜಿಯಲ್ಲಿ
‘ಕ್ರೀಡೆ’ ಎಂದು ತುಂಬಿಕೊಂಡ.
ಅತ್ತೆ ನೆಂಟರಿಗೆ ಹೇಳುವುದು: ಕಂಪ್ಯೂಟರಿನಲ್ಲಿ ಟೈಪಿಂಗು.
ಅದೂ ಸುಳ್ಳಲ್ಲ.

ಶುರುವಾದದ್ದು ಪದಕ್ಕೆ ಅರವತ್ತು ಪೈಸೆಯ ಲೆಕ್ಕದಲ್ಲಿ,
ಒಂದು ಇಸ್ಪೀಟಾಟಕ್ಕೆ:
ಸೋತವನಿಗೆ ಸಮಾಧಾನ ಹೇಳುವ ಹದಿನೆಂಟು ವಾಕ್ಯ,
‘ಇನ್ನೊಂದು ಕೈ ಆಡಿ’ ಎಂದೇ ಮುಗಿಯಬೇಕು ಎಲ್ಲವೂ.
ಚಿಕ್ಕಪ್ಪ ಅದೇ ಆಟದಲ್ಲಿ ಹೊಸ ಬಲೆಯ ದುಡ್ಡು ಕಳೆದರು.
ಯಾವ ವಾಕ್ಯ ಅವರನ್ನು ಹಿಡಿಯಿತೋ,
ಕೇಳಲಿಲ್ಲ.

ಆಮೇಲೆ ಮಕ್ಕಳ ಆಟದಲ್ಲೊಂದು ಮಾತಾಡುವ ಆಮೆ,
ಬಸ್ ಓಡಿಸುವ ಆಟದಲ್ಲಿ ಬಯ್ಯುವ ಪ್ರಯಾಣಿಕರು
(ಅದಕ್ಕೆ ಅಂಕೋಲೆಗೆ ಒಂದು ಟಿಕೆಟ್ ಸಾಕಾಯಿತು).
ಆಮೇಲೆ, ಪಣಜಿಯ ಕಂಪನಿಯಿಂದ, ಸಮುದ್ರವರ್ಮ.

ಮೆಣಸಿನ ಬಂದರು, ಮೂರು ಕೋಟೆ, ಒಬ್ಬ ಮುದಿ ರಾಜ.
ಆಡುವವನು ಏನು ಕೇಳಿದರೂ ಅವನಲ್ಲಿ ಉತ್ತರ ಇರಬೇಕು,
ಏನೂ ಕೇಳದಿದ್ದರೂ.
ತಾಳಮದ್ದಲೆಯ ಅರ್ಥಧಾರಿಯಾದರೆ
ಎದುರಿನವನ ಮುಖ ನೋಡಿ ಮಾತು ಹೊಸೆಯುತ್ತಾನೆ.
ನನಗೆ ಎದುರು ಯಾರೂ ಇಲ್ಲ.
ಇನ್ನೂ ಬಾರದವನ ಸಿಟ್ಟಿಗೆ
ನಾಲ್ಕು ವರ್ಷ ಉತ್ತರ ಬರೆದೆ.

ಅಳತೆಗೆಂದು ಒಂದು ದನಿ ಬೇಕಿತ್ತು.
ಕೆಳಗೆ ಐಸ್ ಒಡೆಯುವ ವಿಠೋಬ ದುರ್ಗೇಕರ ಬಂದ,
ತಾಸಿಗೆ ಇನ್ನೂರು, ಮೇಲೆ ಚಾ.
ಮಷೀನು ನಿಂತ ಸಂದಿನಲ್ಲಿ ಮಾತ್ರ ರೆಕಾರ್ಡು.
‘ಯಾರಲ್ಲಿ?’ ಅನ್ನು, ಅಂದೆ, ರಾಜನ ಹಾಗೆ.
ಕತ್ತಲಲ್ಲಿ ಕದ ತಟ್ಟಿದರೆ ಕೇಳುತ್ತಾರಲ್ಲ,
ಬಂದವರಿಗೆ ಅನ್ನ ಉಳಿದಿದೆಯೋ ಎಂದು ನೆನೆಯುತ್ತ,
ಹಾಗೆ ಕೇಳಿದ.
ಆ ಒಂದು ದನಿಗೆ ಇಡೀ ರಾಜನನ್ನು ತಿದ್ದಿ ಬರೆದೆ.
ಯುದ್ಧ ಎರಡು ಕಮ್ಮಿಯಾಯಿತು.

ಪ್ರತಿ ಮಾತಿನ ಕೆಳಗೆ ಮೂರು ಆಯ್ಕೆ:
ಒಪ್ಪು. ಎದುರಾಡು. ಸುಮ್ಮನಿರು.
ಮೂರನೆಯದನ್ನು ಒತ್ತುವವರು ನೂರಕ್ಕೆ ಇಬ್ಬರು
ಎಂದು ಲೆಕ್ಕ ಕಳಿಸಿದ ಪರೀಕ್ಷೆಯ ಹುಡುಗ.
‘ತೆಗೆದುಬಿಡಿ ಮೇಡಮ್, ದಂಡ.’
ತೆಗೆಯಲಿಲ್ಲ. ಆ ಇಬ್ಬರಿಗಾಗಿ
ರಾಜ ಕಿರೀಟ ಪಕ್ಕಕ್ಕಿಟ್ಟು ತಲೆ ಕೆರೆದುಕೊಳ್ಳುವುದನ್ನು ಬರೆದೆ,
ಈಜಲು ಹೋಗಿ ಬಾರದ ಅವನ ತಮ್ಮನನ್ನು ಬರೆದೆ,
ಎಲ್ಲಕ್ಕಿಂತ ಚೆನ್ನಾಗಿ ಅದನ್ನೇ ಬರೆದೆ.

ಜೂನಿನಲ್ಲಿ, ಬೋಟುಗಳು ದಡ ಹತ್ತಿ ಕೂತ ವಾರ,
ಪಣಜಿಯಿಂದ ಎರಡು ಸಾಲು:
ಆಟ ನಿಲ್ಲಿಸಲಾಗಿದೆ. ಧನ್ಯವಾದಗಳು.
ಒಂಬತ್ತು ಸಾವಿರ ಮಾತು ಒಂದು ಫೋಲ್ಡರಿನಲ್ಲಿ.
ಉಪ್ಪು ಹಾಕಿಟ್ಟ ಮೀನಿನ ಹಾಗೆ ಅನ್ನೋಣವೆಂದರೆ
ಉಪ್ಪುಮೀನನ್ನು ಯಾರಾದರೂ ತಿನ್ನುತ್ತಾರೆ.

ವಿಠೋಬನಿಗೆ ಹೇಳಲಿಲ್ಲ.
ಆಗಸ್ಟಿನಲ್ಲಿ ಮಷೀನು ಮತ್ತೆ ಶುರು,
ದಿನಾ ಮೆಟ್ಟಿಲ ಕೆಳಗಿಂದ
‘ನಮ್ಮ ರಾಜ ಯಾವಾಗ ಬರ್ತಾನೆ ಬಾಯಿ?’
ನಾನೇ ಬರೆದು ನಿಲ್ಲಿಸಿದ ಕಾವಲುಗಾರನ ಹಾಗೆ,
ಹತ್ತಿರ ಹೋದಾಗಲೆಲ್ಲ ಅದೇ ಮಾತು.
ಒಂದು: ನಿಜ ಹೇಳು.
ಎರಡು: ದೀಪಾವಳಿಗೆ ಅನ್ನು.
ನಾನು ಮೂರನೆಯದನ್ನೇ ಒತ್ತುತ್ತ ಬಂದೆ, ಚೌತಿಯ ವರೆಗೆ.

ಚೌತಿಯ ಮರುದಿನ ಅವನೇ ಮೇಲೆ ಬಂದ,
ಒದ್ದೆ ಕೈ ಲುಂಗಿಗೆ ಒರೆಸುತ್ತ.
‘ರಾಜ ಸತ್ತನಾ?’
‘ಇಲ್ಲ, ಹುಟ್ಟಲೇ ಇಲ್ಲ.’
ಸ್ವಲ್ಪ ಹೊತ್ತು ಕಿಟಕಿಯಾಚೆ ನೋಡಿದ.
ಟ್ರಾಲರೊಂದು ಬಂಗಡೆ ಇಳಿಸುತ್ತಿತ್ತು.
‘ಹಂಗಾರೆ ಟೈಮಿದೆ’ ಅಂದು
ಕೆಳಗಿಳಿದ.

ಈಗ ಹೊಸ ಕೆಲಸ, ಒಂದು ಅಡುಗೆ ಆಟ.
ಸಾರು ಸೀದರೆ ಅಜ್ಜಿ ಏನನ್ನಬೇಕು, ಐವತ್ತು ಬಗೆ.
ಹನ್ನೆರಡು ಆಗಿದೆ.
ಮಷೀನು ನಿಂತಾಗ
ಖಾಲಿ ಬುಟ್ಟಿಗಳ ನಡುವಿನಿಂದ ಕೇಳುತ್ತದೆ,
ಕಾಗೆಗೋ, ಯಾರಿಗೋ:
‘ಯಾರಲ್ಲಿ?’
ನಾನು ಹೆಡ್‌ಫೋನ್ ತೆಗೆದಿಡುತ್ತೇನೆ.